ಇಟಾಯಾ ಹಾವಿನ ಒಂದು ಉಸಿರು

ಇಟಾಯಾ, ಹಮಾದಾ ಸೀಮೆ
ತೈಶೊ ಹದಿನಾಲ್ಕನೆಯ ವರ್ಷ (೧೯೨೫), ಮಾರ್ಚ್ ೧೮

ಪ್ರೀತಿಯ ತೊಕುಜಿ,

ಹೇಗಿದ್ದೀಯ? ನಮ್ಮನೆ ಸೊಸೆ ಫುಮಿಯ ಜ್ವರ ಇಳಿಯಿತೆ? ಹೊಸ ವರ್ಷದ ಮೋಚಿ ಕಡುಬು ಒಣಗಿ ಬಿರುಕು ಬಿಡುವ ಹೊತ್ತಿಗೆ ನಿನ್ನ ಕಾಗದ ತಲುಪಿತು. ಅಲ್ಲಿ ಕಾಲುಗುರಿನ ಸಂದಿಗೆ ಹೊಗುವ ಹುಳುವಿನ ಬಗ್ಗೆ ಬರೆದಿದ್ದೆಯಲ್ಲ, ಅದನ್ನು ಕೇಳಿದ ಮೇಲೆ ಅಮ್ಮ ಒಂದು ವಾರ ತನ್ನ ಕಾಲನ್ನೇ ಬೆಳಕಿಗೆ ಹಿಡಿದು ನೋಡಿಕೊಳ್ಳುತ್ತಿದ್ದಳು. ಬರಿಗಾಲಲ್ಲಿ ಕಾಫಿ ತೋಟಕ್ಕೆ ಇಳಿಯಬೇಡ ಎಂದು ಬರೆಯಲು ಹೇಳಿದ್ದಾಳೆ, ಬರೆದಿದ್ದೇನೆ. ಅಲ್ಲಿಯ ಅಕ್ಕಿ ಉದುರುದುರು ಎಂದಿದ್ದೆ. ಅದಕ್ಕೂ ಅವಳ ಬಳಿ ಉಪಾಯವಿದೆ, ಒಂದು ಹಿಡಿ ಅಂಟಕ್ಕಿ ಬೆರೆಸಬೇಕಂತೆ. ಬ್ರೆಜಿಲಿನಲ್ಲಿ ಅಂಟಕ್ಕಿ ಸಿಗುತ್ತದೋ ಇಲ್ಲವೋ ಎಂಬ ಚಿಂತೆ ಅವಳಿಗಿಲ್ಲ. ಸಿಗಬೇಕು, ಅಷ್ಟೇ.

ಇಲ್ಲಿ ಎಲ್ಲರೂ ಚೆನ್ನಾಗಿದ್ದೇವೆ. ಅಮ್ಮನ ಮೊಣಕಾಲು ಚಳಿಗೆ ಹಿಡಿದುಕೊಂಡಿತ್ತು, ಈಗ ಬಿಟ್ಟಿದೆ. ನಾನು ಎಂದಿನಂತೆ ಹಗಲು ಶಾಲೆಯ ಮಕ್ಕಳನ್ನೂ ಸಂಜೆ ಪತ್ರಿಕೆಯ ಸಂಪಾದಕರನ್ನೂ ಬೈಯುತ್ತಿದ್ದೇನೆ. ಇನ್ನು ಅಪ್ಪ. ಇಷ್ಟು ದಿನ ‘ಅಪ್ಪ ಆರೋಗ್ಯವಾಗಿದ್ದಾರೆ’ ಎಂಬ ಒಂದು ಸಾಲು ಬರೆದು ಮುಂದೆ ಹೋಗುತ್ತಿದ್ದೆ, ನೀನೂ ಅದಕ್ಕಿಂತ ಹೆಚ್ಚು ಕೇಳುತ್ತಿರಲಿಲ್ಲ. ಈ ಸಲ ಕಾಗದ ತುಂಬ ಅಪ್ಪನೇ ಇದ್ದಾರೆ. ಆದ್ದರಿಂದ ತೋಟದಲ್ಲಿ ನಿಂತು ಓದಬೇಡ. ಕೈಕಾಲು ತೊಳೆದು, ಫುಮಿಯನ್ನೂ ಕರೆದು ಕೂರಿಸಿಕೊಂಡು ಓದು.

ನೀವು ಎಂಟು ಜನ ಎಂಟು ಹಾವಾಗಿ ಕುಣಿದ ಚಲನಚಿತ್ರ ಕೊನೆಗೂ ಹಮಾದಾಕ್ಕೆ ಬಂತು. ಒಸಾಕಾ ನೋಡಿತು, ಟೋಕಿಯೋ ನೋಡಿತು, ಯಾವ ಯಾವುದೋ ಬಂದರು ಪಟ್ಟಣಗಳೆಲ್ಲ ನೋಡಿ ಮುಗಿಸಿದವು. ಹಾವು ಹುಟ್ಟಿದ ಊರಿಗೆ ಮಾತ್ರ ಗೀರುಬಿದ್ದ ಹಳೆಯ ಸುರುಳಿಗಳು ಎಲ್ಲರ ಎಂಜಲಾಗಿ ಬಂದವು. ನನಗೆ ಸಿಟ್ಟು ಬಂದದ್ದು ಅದಕ್ಕಲ್ಲ. ನಾಟಕಶಾಲೆಯ ಮುಂದೆ ಅಂಟಿಸಿದ್ದ ಪೋಸ್ಟರ್ ನೋಡಿ. ‘ಎಂಟು ತಲೆಯ ಮಹಾಸರ್ಪ! ನಮ್ಮ ಕ್ಯೋಟೊ ಸ್ಟುಡಿಯೋ ತಂತ್ರಜ್ಞರ ಅದ್ಭುತ ಸೃಷ್ಟಿ!’ ಎಂದು ಒಂದೊಂದು ಅಕ್ಷರವೂ ಮೂಲಂಗಿಯಷ್ಟು ದಪ್ಪ. ಓದಿ ಅಲ್ಲೇ ರಸ್ತೆಯಲ್ಲಿ ನಿಂತುಬಿಟ್ಟೆ. ಬಿದಿರು ಸೀಳಿ ಬಳೆ ಮಾಡಿ, ಅದರ ಮೇಲೆ ಪದರ ಪದರವಾಗಿ ಕಾಗದ ಅಂಟಿಸಿ, ಮಡಚಿದರೆ ಒಂದು ಬುಟ್ಟಿ, ಬಿಟ್ಟರೆ ಅಂಗಳದುದ್ದಕ್ಕೂ ಹರಿಯುವ ಹಾವಿನ ಮೈಯನ್ನು ನಮ್ಮ ಅಜ್ಜಂದಿರ ಕಾಲದಿಂದ ಕಟ್ಟುತ್ತ ಬಂದವರು ಯಾರು? ಅರ್ಚಕರು ಇನ್ನು ದೇವರ ಕುಣಿತ ಕುಣಿಯಬಾರದು ಎಂದು ಸರ್ಕಾರ ಆಜ್ಞೆ ಮಾಡಿದಾಗ, ಗದ್ದೆ ಬಿಟ್ಟು ಬಂದು ಅದನ್ನು ಮೈಮೇಲೆ ಎಳೆದುಕೊಂಡವರು ಯಾರು? ಪತ್ರಿಕೆಯ ಕಲಾವಿಮರ್ಶಕ ಮಹಾಶಯ ಬೇರೆ ‘ಹಳ್ಳಿಗಾಡಿನ ಒರಟು ಕಥೆಯೊಂದನ್ನು ಕ್ಯಾಮೆರಾ ಕಲೆಯ ಎತ್ತರಕ್ಕೆ ಏರಿಸಿದೆ’ ಎಂದು ಬರೆದಿದ್ದ. ಆ ಒರಟು ಕಥೆ ದೇಶದ ಅತಿ ಹಳೆಯ ಗ್ರಂಥದಲ್ಲಿದೆ, ತಾವು ಅದನ್ನು ತೆರೆದಿಲ್ಲವೆಂಬುದು ತಮ್ಮ ಬರಹದಿಂದ ತಿಳಿಯುತ್ತದೆ ಎಂದು ಅವತ್ತೇ ಬರೆದು ಕಳಿಸಿದೆ. ಅಚ್ಚು ಹಾಕಲಿಲ್ಲ. ಹಾಕುವುದಿಲ್ಲವೆಂದು ಗೊತ್ತಿದ್ದೇ ಕಳಿಸಿದ್ದು.

ಆಮೇಲೆ ನಾಟಕಶಾಲೆಯ ಮಾಲೀಕ ಕುವಾಬಾರಾನ ಬಳಿ ಹೋದೆ. ಅವನು ತಲೆ ಕೆರೆದುಕೊಂಡು, “ಮೇಷ್ಟ್ರಮ್ಮಾ, ಪೋಸ್ಟರ್ ಬರೋದು ಕ್ಯೋಟೊದಿಂದ. ನಾನು ಬರೀ ಅಂಟಿಸೋನು” ಎಂದ. “ಹಾಗಿದ್ರೆ ಇದನ್ನೂ ಅಂಟಿಸಿ” ಎಂದು ನಾನು ಕುಂಚದಲ್ಲಿ ಬರೆದು ತಂದಿದ್ದ ಪಟ್ಟಿಯನ್ನು ಮುಂದಿಟ್ಟೆ. ‘ಎಂಟೂ ಹಾವುಗಳೊಳಗೆ ಕುಣಿದವರು ಇಟಾಯಾ ಮೇಳದವರು.’ ಅವನು ಅದನ್ನು ಬಿಡಿಸಿ ನೋಡಿ, “ನನ್ ಪೋಸ್ಟರಿಗಿಂತ ನಿಮ್ ಚೀಟೀನೇ ದೊಡ್ಡದಾಯ್ತಲ್ರೀ” ಎಂದ. “ಮನೇಲಿ ಇನ್ನೂ ದೊಡ್ಡ ಕುಂಚ ಇದೆ, ತರಲಾ?” ಎಂದೆ. ಅಂಟಿಸಿದ. ಅದು ನಮ್ಮ ಮೊದಲ ಗೆಲುವು.

ಈಗ ಚಿತ್ರ ತೆಗೆದ ದಿನಕ್ಕೆ ಬರುತ್ತೇನೆ. ಗೊತ್ತಿರುವುದನ್ನೇ ಬರೆಯುತ್ತಾಳೆ ಎನ್ನಬೇಡ. ನೀನು ಹಾವಿನೊಳಗಿದ್ದೆ. ಹೊರಗೆ ನಡೆದದ್ದು ನಿನಗೆ ಅರ್ಧವೇ ಗೊತ್ತು, ಒಳಗೆ ನಡೆದದ್ದು ನಮಗೆ ಏನೇನೂ ಗೊತ್ತಿರಲಿಲ್ಲ. ಹೊಳೆಯ ದಂಡೆಯ ಮೇಲೆ ಹಲಗೆ ಹಾಸಿ ಅಟ್ಟ ಕಟ್ಟಿದ್ದರು. ಅದರ ಒಂದು ತುದಿಗೆ ಕ್ಯಾಮೆರಾ, ಇನ್ನೊಂದು ತುದಿಗೆ ನಮ್ಮ ಹಿಮ್ಮೇಳ. ಅಪ್ಪ ಡೋಲಿಗೆ ಮೊದಲ ಏಟು ಕೊಟ್ಟರು ನೋಡು, ಹಲಗೆಯೆಲ್ಲ ನಡುಗಿ ಕ್ಯಾಮೆರಾ ತನ್ನ ಮೂರು ಕಾಲ ಮೇಲೆ ತಾನೇ ಕುಣಿಯತೊಡಗಿತು. ನಿರ್ದೇಶಕ ಟೋಪಿ ತೆಗೆದು ನೆಲಕ್ಕೆ ಬಡಿದ. “ಅಜ್ಜಾ, ನಿಲ್ಸಿ, ನಿಲ್ಸಿ! ಚಿತ್ರಕ್ಕೆ ಕಿವಿ ಇಲ್ಲ. ನೀವು ಬಾರಿಸಿದ್ರೂ ಒಂದೇ, ಬಿಟ್ರೂ ಒಂದೇ. ಕೆಳಗಿಳೀರಿ” ಎಂದ. ಅಪ್ಪ, “ಡೋಲಿಲ್ದೆ ಹಾವು ಏಳಲ್ಲಯ್ಯಾ. ಒಳಗಿರೋರಿಗೆ ಕಣ್ಣು ಕಾಣಲ್ಲ. ನನ್ ಏಟೇ ಅವ್ರಿಗೆ ಕಣ್ಣು” ಎಂದರು. “ಹಾವು ಏಳ್ಸೋದು ನಮ್ ಕೆಲಸ” ಎಂದ ಆ ಮನುಷ್ಯ. ಅವನದ್ದೂ ತಪ್ಪೆನ್ನಲಾರೆ, ಅವನ ಯಂತ್ರ ನಿಜವಾಗಿಯೂ ನಡುಗುತ್ತಿತ್ತು. ಡೋಲನ್ನು ಹುಲ್ಲಿನ ಮೇಲೆ ಇಳಿಸಿ ಎಂದಿದ್ದರೆ ಮುಗಿಯುತ್ತಿತ್ತು. ಆದರೆ ಅಷ್ಟು ಹೊತ್ತಿಗೆ ಇಬ್ಬರಿಗೂ ಸಿಟ್ಟು ಮೂಗಿನ ತುದಿಗೆ ಬಂದಿತ್ತು. ಅಪ್ಪ ಡೋಲನ್ನು ಹೆಗಲಿಗೇರಿಸಿದರು, ಝಲ್ಲರಿ ತಾಳ ಬಾರಿಸುವ ಹೇಯ್ಜೊ ಮಾವ ಹಿಂದೆ ಹೊರಟ, ಕೊಳಲಿನವರು ಹೊರಟರು. “ಎದ್ದು ಬನ್ರೋ ಎಲ್ಲಾ” ಎಂದು ಅಪ್ಪ ನಿಮ್ಮ ಕಡೆ ಕೂಗಿದರು.

ಏಳು ಜನ ಎದ್ದರು. ನೀನು ಮೊದಲ ಹಾವು. ನೀನು ಅಪ್ಪನನ್ನು ನೋಡಿದೆ, ಕೆಳಗಿಟ್ಟಿದ್ದ ಹಾವಿನ ತಲೆಯನ್ನು ನೋಡಿದೆ, ತಲೆಯನ್ನು ಎತ್ತಿ ಮತ್ತೆ ಮುಖಕ್ಕೆ ಹಾಕಿಕೊಂಡೆ. ಎದ್ದಿದ್ದ ಏಳೂ ಜನ ಮೆಲ್ಲಗೆ ಕೂತರು. ಡೋಲಿನ ಕೋಲುಗಳನ್ನು ಹಿಡಿದು ಅಪ್ಪನ ಹಿಂದೆ ಬಂದವಳು ನಾನು. ಮನೆಗೆ ಬಂದು ಡೋಲಿನ ಮೇಲೆ ಹಳೆಯ ಸೊಳ್ಳೆಪರದೆ ಹೊದಿಸಿ, “ಇನ್ನು ಇದು ಬೇಡವಂತೆ” ಎಂದರು. ಮುಂದಿನದು ನಿನಗೆ ಗೊತ್ತು. ಚಳಿಗಾಲವೆಲ್ಲ ಒಂದೇ ಒಲೆಯ ಸುತ್ತ ಕೂತು ನೀವಿಬ್ಬರೂ ಅಮ್ಮನ ಮೂಲಕ ಮಾತಾಡಿಕೊಂಡಿರಿ. ವಸಂತದಲ್ಲಿ ನೀನು ಕೋಬೆಯಿಂದ ಹಡಗು ಹತ್ತಿದೆ. ಅಪ್ಪ ರೈಲು ನಿಲ್ದಾಣಕ್ಕೂ ಬರಲಿಲ್ಲ.

ನಿನಗೆ ಗೊತ್ತಿಲ್ಲದ್ದು, ನಾನು ಬರೆಯದೇ ಉಳಿಸಿದ್ದು ಇದು. ಅವತ್ತಿನಿಂದ ಅಪ್ಪ ಡೋಲು ಮುಟ್ಟಲಿಲ್ಲ. ಹೋದ ಶರತ್ಕಾಲದ ಹಬ್ಬದಲ್ಲಿ ನಮ್ಮ ದೇವಸ್ಥಾನದಲ್ಲಿ ಹಾವು ಏಳಲಿಲ್ಲ. ಮೀನು ಹಿಡಿಯುವ ಎಬಿಸು ದೇವರ ಕುಣಿತ ಒಂದನ್ನು ಹೇಗೋ ಮಾಡಿ, ಸಕ್ಕರೆ ಮಿಠಾಯಿ ಎರಚಿ, ಮಕ್ಕಳನ್ನು ಮನೆಗೆ ಕಳಿಸಿದರು. ಅರ್ಚಕರು ಮನೆಗೇ ಬಂದು ಕೇಳಿಕೊಂಡರು. ಅಪ್ಪ ಅವರಿಗೆ ಚಹಾ ಕೊಡಿಸಿ, “ಚಿತ್ರ ತರ್ಸಿ ಸ್ವಾಮಿ. ಅದಕ್ಕೆ ಡೋಲು ಬೇಕಾಗಲ್ಲ” ಎಂದುಬಿಟ್ಟರು. ಬೇರೆ ಯಾರಿಗೂ ಆ ಏಟು ಬರುವುದಿಲ್ಲ. ಅವರು ಕಲಿಸಿದ್ದು ನಿನಗೊಬ್ಬನಿಗೇ. ಈ ವರ್ಷದ ಹಬ್ಬಕ್ಕೂ ಹಾವು ಏಳದಿದ್ದರೆ ಹಾವು, ಮುಖವಾಡಗಳ ಪೆಟ್ಟಿಗೆಗಳನ್ನೆಲ್ಲ ಹೊಳೆಯಾಚೆಯ ಮೇಳಕ್ಕೆ ಕೊಟ್ಟುಬಿಡುವುದೆಂದು ಜನವರಿಯಲ್ಲಿ ಊರವರು ಕೂತು ತೀರ್ಮಾನಿಸಿದರು. ಹೊಳೆಯಾಚೆಯವರಿಗೆ! ನಮ್ಮ ಹಾವನ್ನು ನೋಡಿ ನಗುವವರಿಗೆ! ನಾನು ಎದ್ದು ನಿಂತು ಒಂದು ಭಾಷಣವನ್ನೇ ಮಾಡಿದೆ. ಎಲ್ಲರೂ ತಲೆಯಾಡಿಸಿದರು, ತೀರ್ಮಾನ ಹಾಗೇ ಉಳಿಯಿತು.

ಚಿತ್ರ ಬಂದಾಗ ಅಪ್ಪ ನೋಡಲು ಬರುವುದಿಲ್ಲವೆಂದೇ ನಾವು ತಿಳಿದಿದ್ದೆವು. ಅಮ್ಮನೂ ನಾನೂ ಹೊರಡಲು ಸಿದ್ಧರಾಗಿ ಚಪ್ಪಲಿ ಮೆಟ್ಟುತ್ತಿದ್ದಾಗ ಒಳಗಿನಿಂದ, “ನಾನೂ ಬರ್ತೀನಿ” ಎಂದರು. ಅಮ್ಮನ ಮುಖ ಅರಳಿತು. “ಮಗನ್ನ ನೋಡ್ಬೇಕು ಅನ್ನಿಸ್ತೇನ್ರೀ?” ಎಂದಳು. “ಮಗನ್ನಲ್ಲ, ಗಂಟು ಬೀಳೋದನ್ನ ನೋಡ್ಬೇಕು. ಡೋಲಿಲ್ದೆ ಎಂಟು ಹಾವು ಕುಣಿದ್ರೆ ಎಂಟೂ ನೂಲಿನುಂಡೆ ಆಗಿರುತ್ತೆ. ಹಮಾದಾದವರ ಜೊತೆ ಕೂತು ನಾನೂ ನಗ್ತೀನಿ” ಎಂದರು. ಹೇಯ್ಜೊ ಮಾವ ತನ್ನ ಝಲ್ಲರಿಯನ್ನು ಬಟ್ಟೆಯಲ್ಲಿ ಸುತ್ತಿ ಕಂಕುಳಲ್ಲಿ ಇಟ್ಟುಕೊಂಡು ಬಂದಿದ್ದ. “ಅದ್ಯಾಕೋ?” ಎಂದು ಅಪ್ಪ ಕೇಳಿದರೆ, “ಹಾವು ನೋಡೋಕ್ ಹೋಗೋವಾಗ ಕೈ ಖಾಲಿ ಇದ್ರೆ ನಂಗಾಗಲ್ಲ” ಎಂದ.

ಮಧ್ಯಾಹ್ನದ ಆಟ. ನಾಟಕಶಾಲೆ ತುಂಬಿ ಹೋಗಿತ್ತು. ನಮ್ಮೂರಿನವರಷ್ಟೇ ಹೊಳೆಯಾಚೆಯವರೂ ಬಂದಿದ್ದರು. ನಿನ್ನ ಜೊತೆಯ ಏಳು ಹಾವುಗಳೂ ನಮ್ಮ ಹಿಂದೆ, ಮರದ ಅಡ್ಡಪಟ್ಟಿ ಹೊಡೆದ ಚಾಪೆಯ ಅಂಕಣದಲ್ಲಿ ಕಾಲು ಮಡಚಿ ಕೂತು ಒಣಗಿದ ಕಟಲ್ ಮೀನು ಅಗಿಯುತ್ತಿದ್ದವು. ಅಪ್ಪನ ಬೆನ್ನು ಕಂಡ ಕೂಡಲೇ ಅಗಿಯುವುದನ್ನು ನಿಲ್ಲಿಸಿದವು. ಪರದೆಯ ಪಕ್ಕದ ಮೇಜಿನ ಹಿಂದೆ ಮೂಕಿ ಚಿತ್ರಕ್ಕೆ ಕಥೆ ಹೇಳುವ ತೆನ್ಗೈ ನಿಂತಿದ್ದ. ಹಿರೋಶಿಮಾದಿಂದ ಬಂದವನು, ಕಪ್ಪು ಕೋಟು, ಮೀಸೆಗೆ ಎಣ್ಣೆ. ಚಿತ್ರಕ್ಕಿಂತ ಅವನ ಗಂಟಲಿಗೇ ಜನ ಸೇರುತ್ತಾರೆ ಎನ್ನುತ್ತಾರೆ, ಅದು ಸುಳ್ಳಲ್ಲ. ದೇವರ ಗುಡುಗು ಗಂಟಲು, ಮುದುಕಿಯ ನಡುಗು ಗಂಟಲು, ರಾಜಕುಮಾರಿಯ ಜೇನು ಗಂಟಲು, ಎಲ್ಲ ಅವನೊಬ್ಬನದೇ. ರಾಜಕುಮಾರಿಗೆ ಜೇನು ಗಂಟಲು ಬೇಕೇ ಬೇಕಿತ್ತು ಬಿಡು. ಆ ಪಾತ್ರಕ್ಕೆ ನಿಂತಿದ್ದ ಗಂಡಸಿಗೆ ನಲವತ್ತು ದಾಟಿರಬೇಕು, ಬಿಳಿ ಬಳಿದ ಗಲ್ಲದ ಕೆಳಗೆ ಗಡ್ಡದ ನೆರಳು ನೀಲಿಯಾಗಿ ಕಾಣುತ್ತಿತ್ತು. ಅವಳನ್ನು ತಿನ್ನಲು ಹಾವು ಬರುತ್ತಿದೆ ಎಂದು ಹೆತ್ತವರು ಅಳುತ್ತಿದ್ದರೆ ಹಿಂದಿನಿಂದ ಯಾರೋ, “ಅಳ್ಬೇಡಿ, ಅದನ್ನ ತಿಂದ್ರೆ ಹಾವಿಗೇ ಗಂಟಲಲ್ಲಿ ಸಿಕ್ಕೊಳುತ್ತೆ” ಎಂದ. ಹಾವನ್ನು ಕೊಲ್ಲುವ ಸುಸಾನೊ ದೇವರಿಗೆ ಸಮುರಾಯಿ ಕವಚ ತೊಡಿಸಿದ್ದರು. ದೇವತೆಗಳ ಕಾಲದಲ್ಲಿ ಸಮುರಾಯಿ ಎಲ್ಲಿದ್ದ? ಅದರ ಬಗ್ಗೆ ಸ್ಟುಡಿಯೋಗೆ ಬೇರೆ ಕಾಗದ ಬರೆಯುತ್ತಿದ್ದೇನೆ.

ಐದನೆಯ ಸುರುಳಿ ಹಾಕಿದರು. ಹಾವಿಗೆ ಅಮಲೇರಿಸಲು ಎಂಟು ಹಂಡೆಗಳಲ್ಲಿ ಸಾಕೆ ಹೆಂಡ ತುಂಬಿಟ್ಟಿದೆ, ಹೊಳೆಯ ಮೇಲೆ ಹೊಗೆ. “ಇಗೋ ಬಂತು, ಎಂಟು ಬೆಟ್ಟ ಎಂಟು ಕಣಿವೆ ಹಾಸಿ ಮಲಗುವ ಸರ್ಪ!” ಎಂದು ತೆನ್ಗೈ ಗರ್ಜಿಸಿದ. ಹೊಗೆ ಸೀಳಿಕೊಂಡು ಮೊದಲ ತಲೆ ಬಂತು. ಅಮ್ಮ ನನ್ನ ತೋಳು ಹಿಡಿದಳು. ಮುಖ ಕಾಣದು, ಕೈ ಕಾಣದು, ಬರೀ ಬಿದಿರು ಕಾಗದ. “ನನ್ ಮಗ” ಎಂದಳು, ಸುತ್ತಲಿನವರಿಗೆಲ್ಲ ಕೇಳುವಂತೆ. ಅಪ್ಪ ಮುಂದಕ್ಕೆ ಬಾಗಿ ಕೂತರು. “ಈಗ ನೋಡು. ಮೂರನೇದು ಎರಡನೇದರ ಬಾಲ ತುಳಿಯುತ್ತೆ” ಎಂದರು. ತುಳಿಯಲಿಲ್ಲ. “ಸುತ್ತೋವಾಗ ತುಳಿಯುತ್ತೆ.” ಆಗಲೂ ತುಳಿಯಲಿಲ್ಲ. ಎಂಟು ಹಾವುಗಳು ಒಂದರ ಬೆನ್ನಿಗೆ ಒಂದು ಸುರುಳಿ ಸುತ್ತಿ, ಬಿಚ್ಚಿ, ಮತ್ತೆ ಸುತ್ತಿ ಗೋಪುರದ ಹಾಗೆ ಎದ್ದವು. ನಾಟಕಶಾಲೆಯ ಡೋಲಿನವನು ಗುಡುಗಿನ ಸದ್ದು ಬರಲೆಂದು ಒಂದೇ ಸಮನೆ ಗಡಗಡ ಬಾರಿಸುತ್ತಿದ್ದ, ಅದಕ್ಕೂ ಹಾವುಗಳ ನಡೆಗೂ ಸಂಬಂಧವೇ ಇರಲಿಲ್ಲ. ಅಪ್ಪನ ಬೆರಳುಗಳು ಅಂಕಣದ ಅಡ್ಡಪಟ್ಟಿಯ ಮೇಲೆ ತಾವೇ ಆಡತೊಡಗಿದ್ದವು. ಅವರು ಅದನ್ನು ಗಮನಿಸಿರಲಿಲ್ಲ, ನಾನು ಗಮನಿಸಿದ್ದೆ. ಪರದೆಯ ಮೇಲೆ ಹಾವಿನ ತಲೆ ಎದ್ದಾಗಲೆಲ್ಲ ಬೆರಳು ಬೀಳುತ್ತಿತ್ತು.

ಆಮೇಲೆ ಹಂಡೆಗಳು. ಎಂಟು ಹಾವೂ ಎಂಟು ಹಂಡೆಗಳ ಮೇಲೆ ಬಾಯಿ ತೆರೆದು ಬಂದವು. “ಕುಡಿಯಿತು! ದುರಾಸೆಯ ಸರ್ಪ ಕುಡಿಯಿತು!” ಎಂದ ತೆನ್ಗೈ. ಆದರೆ ಹಾವು ಕುಡಿದಿರಲಿಲ್ಲ. ಮೊದಲ ಹಾವು ಹಂಡೆಯ ಮೇಲೆ ತಲೆ ತಗ್ಗಿಸಿ ಒಂದು ಉಸಿರಿನಷ್ಟು ಹೊತ್ತು ಹಾಗೇ ನಿಂತಿತು. ಅದರ ಜೊತೆ ಉಳಿದ ಏಳೂ ನಿಂತವು. ಆಮೇಲೆ ಎಂಟೂ ಒಟ್ಟಿಗೆ ಮುಳುಗಿದವು.

ಆ ಉಸಿರು ಅಪ್ಪನದು, ತೊಕುಜಿ. ನಾನು ನಿನಗೆ ಹೇಳಬೇಕೆ! ರಷ್ಯದ ಯುದ್ಧದ ವರ್ಷ ದೋಣಿ ಎಳೆಯುವಾಗ ಅವರ ಬಲಗೈ ಮಣಿಕಟ್ಟು ಮುರಿಯಿತು. ಅದು ಸೊಟ್ಟಗೆ ಕೂಡಿಕೊಂಡ ಮೇಲೆ, ಹಾವು ಕುಡಿಯುವ ಆ ದೊಡ್ಡ ಏಟಿಗೆ ಕೈ ಎತ್ತಲು ಅವರಿಗೆ ಒಂದು ಉಸಿರು ಹೆಚ್ಚು ಹಿಡಿಯುತ್ತದೆ. ಡೋಲು ತಡೆದರೆ ಹಾವೂ ತಡೆಯಬೇಕು. ಹಾಗಾಗಿ ನಮ್ಮೂರಿನ ಹಾವು ಮಾತ್ರ ಹಂಡೆಯ ಮುಂದೆ ಒಂದು ಕ್ಷಣ ನಿಲ್ಲುತ್ತದೆ. ಬೇರೆ ಯಾವ ಊರಿನದೂ ನಿಲ್ಲುವುದಿಲ್ಲ. ಅದಕ್ಕೇ ಹೊಳೆಯಾಚೆಯವರು ಇಷ್ಟು ವರ್ಷದಿಂದ ನಗುತ್ತ ಬಂದದ್ದು. ಅವತ್ತೂ ಅವರೇ ಮೊದಲು ಗುರುತು ಹಿಡಿದರು. “ಏಯ್, ಇಟಾಯಾ ಹಾವು ಕಣ್ರೋ! ನಮಸ್ಕಾರ ಮಾಡಿ ಕುಡೀತು ನೋಡ್ರೋ!” ಎಂದು ಬಾಲ್ಕನಿಯಿಂದ ಒಬ್ಬ ಕೂಗಿದ, ಇಡೀ ನಾಟಕಶಾಲೆ ಘೊಳ್ ಎಂದಿತು. ಕ್ಯೋಟೊ ತಂತ್ರಜ್ಞರ ಅದ್ಭುತ ಸೃಷ್ಟಿಯಂತೆ! ಪೋಸ್ಟರ್ ಮುಚ್ಚಿಟ್ಟಿದ್ದನ್ನು ನಮ್ಮ ಬದ್ಧ ವೈರಿಗಳು ತುಂಬಿದ ಸಭೆಯಲ್ಲಿ ಸಾರಿ ಹೇಳಿದರು. ಆ ನಗುವಿನಷ್ಟು ಸಿಹಿಯಾದ ನಗುವನ್ನು ನಾನು ಹುಟ್ಟಿದಂದಿನಿಂದ ಕೇಳಿಲ್ಲ.

ಅಪ್ಪ ನಗಲಿಲ್ಲ. ಸುರುಳಿ ಮುಗಿದು, ಮುಂದಿನದನ್ನು ಹಾಕಲೆಂದು ಕಿಟಕಿಗಳ ಪರದೆ ಸರಿಸಿ ಬೆಳಕು ಬಿಟ್ಟರು. ಅವರು ಮೊಣಕಾಲ ಮೇಲೆಯೇ ಹಿಂದಕ್ಕೆ ತಿರುಗಿ, ಮೂರನೆಯ ಹಾವಾಗಿದ್ದ ಮಾತ್ಸುಜೊನ ಕೊರಳಪಟ್ಟಿ ಹಿಡಿದರು. “ಅಲ್ಲಿ ನಿಲ್ಲೋಕೆ ಯಾರೋ ಹೇಳಿದ್ದು ನಿಮಗೆ? ಡೋಲು ನನ್ ಹೆಗಲ ಮೇಲಿತ್ತು. ಯಾರ ಏಟಿಗೋ ಕುಣಿದಿರಿ ನೀವು?” ಮಾತ್ಸುಜೊ ಬಾಯಲ್ಲಿದ್ದ ಕಟಲ್ ಮೀನನ್ನು ಹಾಗೇ ನುಂಗಿದ. “ನಿಮ್ಮ ಏಟಿಗೇ, ಯಜಮಾನ್ರೇ” ಎಂದ. “ತೊಕುಜಿ ಬಾಯಲ್ಲಿ ಬಾರ್ಸ್ದ. ಚಿತ್ರಕ್ಕೆ ಕಿವಿ ಇಲ್ವಲ್ಲ ಅಂತ ಹಾವಿನ ತಲೆಯೊಳಗಿಂದ ಗಂಟಲು ಹರಿಯೋ ಹಂಗೆ ಕೂಗ್ದ, ದೊನ್ ದೊಕೊ ದೊನ್, ದೊನ್ ದೊಕೊ ದೊನ್ ಅಂತ, ಮೊದಲಿಂದ ಕೊನೇವರೆಗೂ. ನಾವು ಕಣ್ಣು ಮುಚ್ಕೊಂಡು ಅದರ ಹಿಂದೆ ಹೋದ್ವಿ. ಹಂಡೆ ಹತ್ರ ಬಂದಾಗ ಕೂಗೋದು ನಿಲ್ಸಿ ಒಂದ್ ಉಸಿರು ಎಳ್ಕೊಂಡ. ನಾವೂ ಎಳ್ಕೊಂಡ್ವಿ. ಸಂಜೆ ಹೊತ್ಗೆ ಅವನಿಗೆ ಮಾತೇ ಹೊರಡ್ತಿರಲಿಲ್ಲ.” ಅಮ್ಮ ಬಾಯಿಗೆ ಕೈ ಇಟ್ಟುಕೊಂಡಳು. ಆ ರಾತ್ರಿ ನೀನು ಮನೆಗೆ ಬಂದು ಯಾರ ಮಾತಿಗೂ ಉತ್ತರ ಕೊಡದಿದ್ದಾಗ ಸೊಕ್ಕು ಎಂದುಕೊಂಡೆವಲ್ಲ. “ಮತ್ತೆ ಯಾಕೆ ಹೇಳ್ಲಿಲ್ಲ ನೀವ್ಯಾರೂ?” ಎಂದರು ಅಪ್ಪ. “ತೊಕುಜಿ ಬೇಡ ಅಂದ. ಹೇಳಿದ್ರೆ ನಂಬಲ್ಲ, ಡೋಲನ್ನ ಗೇಲಿ ಮಾಡ್ದೆ ಅಂತಾರೆ, ಒಂದಿನ ನೋಡ್ಲಿ ಅಂದ. ಅದೂ ಅಲ್ದೆ ನೀವು ನಮ್ ಕಡೆ ತಿರುಗಿ ನೋಡಿದ್ದು ಇವತ್ತೇ, ಯಜಮಾನ್ರೇ.”

ಅಪ್ಪ ಕೊರಳಪಟ್ಟಿ ಬಿಟ್ಟರು. ಪರದೆಯ ಕಡೆ ನೋಡಿದರು, ಅಲ್ಲಿ ಏನೂ ಇರಲಿಲ್ಲ. “ಅದಕ್ಕೇ ಮೊದಲ ಹಾವಿನ ದವಡೆ ಅಷ್ಟು ನಡುಗ್ತಿತ್ತು” ಎಂದರು, ನನಗಲ್ಲ, ತಮಗೇ. ಎದ್ದು ನಿಂತರು. ಎಲ್ಲೋ ಹೊರಗೆ ಹೋಗುತ್ತಾರೆ ಎಂದುಕೊಂಡೆ. ಅವರು ಅಡ್ಡಪಟ್ಟಿಗಳನ್ನು ದಾಟುತ್ತ, ಜನರ ಊಟದ ಡಬ್ಬಿಗಳ ಮೇಲಿಂದ ಕಾಲೆತ್ತಿ ಇಡುತ್ತ, ಕಿತ್ತಳೆ ಸಿಪ್ಪೆ ತುಳಿಯುತ್ತ ನೇರವಾಗಿ ಡೋಲಿನ ಬಳಿಗೆ ಹೋದರು. ಡೋಲಿನವನ ಮುಂದೆ ಕೈ ಚಾಚಿದರು. ಅವನು ಕೋಲು ಕೊಟ್ಟುಬಿಟ್ಟ. ಅಪ್ಪ ಮೇಲಿನ ಯಂತ್ರದ ಗೂಡಿನ ಕಡೆ ಮುಖ ಮಾಡಿ, “ಏಯ್, ಹ್ಯಾಂಡಲ್ ತಿರುಗ್ಸೋನೇ! ಹಾವಿನ ಸುರುಳಿ ಇನ್ನೊಂದ್ ಸಲ ಹಾಕು. ಅಷ್ಟು ಜೋರಾಗಿ ತಿರುಗ್ಸ್ಬೇಡ, ಹಾವಿಗೂ ಉಸಿರಿದೆ!” ಎಂದು ಕೂಗಿದರು.

ಗದ್ದಲವೋ ಗದ್ದಲ. “ಹಾಕ್ರೋ, ಇನ್ನೊಂದ್ ಸಲ!” ಎಂದು ನಮ್ಮವರು, ಹೊಳೆಯಾಚೆಯವರು, ಎಲ್ಲರೂ. ಹಿಂದಿನ ಸಾಲಿನ ಎತ್ತರದ ಪೀಠದಿಂದ ಪೊಲೀಸ್ ಪೇದೆ ಎದ್ದು ಕತ್ತಿಯ ಮೇಲೆ ಕೈ ಇಟ್ಟುಕೊಂಡು, ಒಪ್ಪಿಗೆ ಪಡೆದ ಕಾರ್ಯಕ್ರಮದಲ್ಲಿ ಇದಿಲ್ಲ, ನಿಲ್ಲಿಸಿ ಎಂದ. ಇಷ್ಟು ವರ್ಷ ಓದಿದ್ದೆಲ್ಲ ನನಗೆ ಯಾವತ್ತು ಉಪಯೋಗಕ್ಕೆ ಬರಬೇಕು? ಎದ್ದು ನಿಂತೆ. “ಪೇದೆ ಸಾಹೇಬ್ರೇ, ನಿಯಮ ನಾನೂ ಓದಿದ್ದೀನಿ. ಚಿತ್ರಕ್ಕೆ ಒಪ್ಪಿಗೆ ಇದೆ. ಕಥೆ ಹೇಳೋರ ಮಾತಿಗೆ ಒಪ್ಪಿಗೆ ಬೇಕು. ಈ ಸುರುಳಿಗೆ ಯಾರೂ ಮಾತಾಡಲ್ಲ. ಮಾತಾಡದೆ ಇರೋದಕ್ಕೆ ಒಪ್ಪಿಗೆ ಬೇಕು ಅಂತ ಯಾವ ಕಲಂನಲ್ಲಿದೆ, ತೋರ್ಸಿ” ಎಂದೆ. ಅವನು ತೆನ್ಗೈ ಕಡೆ ನೋಡಿದ. ಎಲ್ಲರೂ ನೋಡಿದರು. ಕಥೆ ಹೇಳುವವನಿಗೆ ಸುಮ್ಮನಿರು ಎಂದರೆ ಅದಕ್ಕಿಂತ ಅವಮಾನ ಉಂಟೆ? ತೆನ್ಗೈ ನೀರು ಕುಡಿದ, ಮೀಸೆ ತೀಡಿಕೊಂಡ, ತನ್ನ ಪುಸ್ತಕವನ್ನು ಮುಚ್ಚಿದ. “ಮಹಾಜನರೇ, ಮಾತಾಡಿದ್ದಕ್ಕೆ ಚಪ್ಪಾಳೆ ತಗೊಂಡಿದ್ದೀನಿ. ಬಾಯಿ ಮುಚ್ಕೊಂಡಿದ್ದಕ್ಕೆ ಇವತ್ತೇ ಮೊದಲು” ಎಂದು ಅಪ್ಪನಿಗೆ ಬಾಗಿ ನಮಸ್ಕರಿಸಿ ದೀಪ ಆರಿಸಿಕೊಂಡ. ಆ ಮನುಷ್ಯನ ಮೇಲೆ ನನಗಿದ್ದ ದೂರುಗಳನ್ನೆಲ್ಲ ಅಲ್ಲೇ ವಾಪಸ್ ಪಡೆದೆ. ಪೇದೆ ಕೂತ.

ಕಿಟಕಿಗಳು ಮುಚ್ಚಿದವು. ಹೊಗೆ ಬಂತು, ನೀನು ಬಂದೆ. ಅಪ್ಪ ಹೊಡೆದರು.

ತೊಕುಜಿ, ಅದನ್ನು ನಾನು ಹೇಗೆ ಬರೆಯಲಿ? ಒಂದೂವರೆ ವರ್ಷದ ಹಿಂದೆ ನೀನು ಹೊಳೆಯ ದಂಡೆಯ ಮೇಲೆ ಬಾಯಲ್ಲಿ ಬಾರಿಸಿದ ಡೋಲು ಹಮಾದಾದ ನಾಟಕಶಾಲೆಯಲ್ಲಿ ಅಪ್ಪನ ಕೈಯಿಂದ ಹೊರಬಂತು. ಒಂದು ಏಟು ಹಿಂದಾಗಲಿಲ್ಲ, ಒಂದು ಮುಂದಾಗಲಿಲ್ಲ. ಮೇಲಿನ ಗೂಡಿನ ಯಂತ್ರದವನು ಆಟ ಬೇಗ ಮುಗಿಸುವ ಚಾಳಿ ಬಿಟ್ಟು ಡೋಲಿಗೆ ಕಿವಿ ಕೊಟ್ಟು ಹ್ಯಾಂಡಲ್ ತಿರುಗಿಸಿದ. ಹೇಯ್ಜೊ ಮಾವ ಕೂತಲ್ಲೇ ಬಟ್ಟೆ ಬಿಚ್ಚಿ ಝಲ್ಲರಿ ತೆಗೆದ. ಹಾವು ಎದ್ದಾಗ ಜನ ಎದ್ದರು. ಎಂಟು ಹಂಡೆಗಳ ಮೇಲೆ ಎಂಟು ತಲೆ ಬಾಗಿದವು. ಅಪ್ಪ ಸೊಟ್ಟ ಕೈಯನ್ನು ಮೇಲಕ್ಕೆತ್ತಿದರು. ಆಗ ನಾಟಕಶಾಲೆಯಲ್ಲಿದ್ದ ಪ್ರತಿಯೊಬ್ಬರೂ, ಹೊಳೆಯಾಚೆಯವರೂ, ಪೇದೆಯೂ ಸೇರಿ, ಒಟ್ಟಿಗೆ ಉಸಿರು ಹಿಡಿದರು. ಈ ಸಲ ಒಬ್ಬನೂ ನಗಲಿಲ್ಲ. ಏಟು ಬಿತ್ತು, ನೀನು ಮುಳುಗಿದೆ. ಛಾವಣಿಯಿಂದ ಧೂಳು ಉದುರಿತು.

ಸುಸಾನೊ ದೇವರು ನಿಮ್ಮನ್ನೆಲ್ಲ ಕೊಂದರು, ಅದು ಆಗಲೇಬೇಕಾದದ್ದು. ನೀನು ಕೊನೆಯಲ್ಲಿ ಸತ್ತೆ, ಬಹಳ ಚೆನ್ನಾಗಿ ಸತ್ತೆ. ಅಮ್ಮ ಅಳುತ್ತ ಚಪ್ಪಾಳೆ ತಟ್ಟಿದಳು. ಹೊರಗೆ ಬಂದಾಗ ಕುವಾಬಾರಾ ನನ್ನ ಪಟ್ಟಿಯನ್ನು ಪೋಸ್ಟರಿನ ಅಡಿಯಿಂದ ಕಿತ್ತು ನೆತ್ತಿಯ ಮೇಲೆ ಅಂಟಿಸುತ್ತಿದ್ದ. “ಮೇಷ್ಟ್ರಮ್ಮಾ, ಇನ್ನೂ ಒಂದು ವಾರ ಆಟ ಇದೆ. ಯಜಮಾನ್ರು ದಿನಾ ಬರ್ತಾರಾ?” ಎಂದು ಕೇಳಿದ. ಬಂದರು. ದಿನವೂ ಬಂದರು. ಹೊಳೆಯಾಚೆಯ ಮೇಳದ ಯಜಮಾನ ಕೊನೆಯ ದಿನ ಒಂದು ಪಿಪಾಯಿ ಸಾಕೆ ಕಳಿಸಿ, ಪೆಟ್ಟಿಗೆಗಳು ನಿಮ್ಮಲ್ಲೇ ಇರಲಿ ಎಂದು ಹೇಳಿಸಿದ. ಡೋಲಿನ ಮೇಲಿದ್ದ ಸೊಳ್ಳೆಪರದೆಯನ್ನು ಅಮ್ಮ ಒಗೆದು ಒಣಗಿಸಿ ಬೇಸಿಗೆಗೆ ತೆಗೆದಿಟ್ಟಿದ್ದಾಳೆ. ಶರತ್ಕಾಲದ ಹಬ್ಬಕ್ಕೆ ಹಾವು ಏಳುತ್ತದೆ.

ಫುಮಿಗೆ ಅಮ್ಮನ ಆಶೀರ್ವಾದ. ಅವಳ ತಾಯಿತಂದೆಯರಿಗೆ ನನ್ನ ನಮಸ್ಕಾರ ತಿಳಿಸು. ಹೇಯ್ಜೊ ಮಾವ, ಮಾತ್ಸುಜೊ ಮತ್ತು ಉಳಿದ ಹಾವುಗಳೆಲ್ಲ ನಿನ್ನನ್ನು ಕೇಳಿದರೆಂದು ತಿಳಿ. ಮೈ ಕಡೆ ನೋಡಿಕೋ, ಗಂಟಲ ಕಡೆಯೂ ನೋಡಿಕೋ.

ನಿನ್ನ ಅಕ್ಕ,
ಇಸೊ

ಮರೆತದ್ದು: ಲಕೋಟೆ ಅಂಟಿಸುತ್ತಿದ್ದಾಗ ಅಪ್ಪ ಬಂದು ಬಾಗಿಲಲ್ಲಿ ನಿಂತಿದ್ದಾರೆ, ಒಳಗೂ ಬರುತ್ತಿಲ್ಲ, ಹೊರಗೂ ಹೋಗುತ್ತಿಲ್ಲ. ಅಂಚೆಯವನು ಬರುವ ಹೊತ್ತಾಯಿತು, ಅವರು ಹೇಳಿದ್ದನ್ನು ಹೇಳಿದ ಹಾಗೇ ಬರೆಯುತ್ತೇನೆ. “ಹಂಡೆ ಹತ್ರ ಅವನ ಉಸಿರು ಸ್ವಲ್ಪ ಉದ್ದ ಆಯ್ತು ಅಂತ ಬರಿ. ಅಷ್ಟು ಹೊತ್ತು ನಾನು ಯಾವತ್ತೂ ತಡೆದಿಲ್ಲ. ಅದು ಕಾಗದದಲ್ಲಿ ತಿದ್ದೋ ತಪ್ಪಲ್ಲ, ಬಂದೇ ತಿದ್ಕೋಬೇಕು. ಮೊದಲ ಹಾವಿನ ತಲೆಗೆ ಹೊಸ ಬಣ್ಣ ಹಾಕಿದ್ದೀನಿ, ಅದನ್ನ ಬ್ಯಾರೆ ಯಾರಿಗೂ ಕೊಡಲ್ಲ. ಈ ವರ್ಷ ಅದು ಪೆಟ್ಟಿಗೇಲೇ ಇರುತ್ತೆ, ಏಳು ಹಾವು ಕುಣೀತಾವೆ. ಎಂಟನೇದು ಹಡಗಲ್ಲಿ ಬರ್ತಿದೆ ಅಂತ ಊರವರಿಗೆ ಹೇಳಿಬಿಟ್ಟಿದ್ದೀನಿ.”